ಊರಾಗ ಅಲ್ಲ, ತೋಟದಾಗ: ಕಾಗವಾಡ ಕಡೆಯಿಂದ ಒಂದು ಉತ್ತರ

ಮೈಸೂರಿನಿಂದ ನೀವು ಕೇಳಿದ್ದು ಸಣ್ಣ ಪ್ರಶ್ನೆ. "ನಿಮ್ಮದು ಹಳ್ಳಿಯೋ ಪಟ್ಟಣವೋ? ವಿಳಾಸದಲ್ಲಿ ಉಗಾರ ಅಂತ ಬರೆಯುತ್ತೀರಿ. ಫೋನಿನಲ್ಲಿ ಮಾತಾಡುವಾಗ 'ಊರಿಗೆ ಹೋಗಿ ಬರ್ತೀನಿ' ಅಂತೀರಿ. ಹಾಗಾದರೆ ನೀವು ಇರೋದು ಎಲ್ಲಿ?" ಎರಡು ಸಾಲಿನಲ್ಲಿ ಉತ್ತರ ಬರೆಯೋಣ ಎಂದು ಕುಳಿತೆ, ಆಗಲಿಲ್ಲ. ಅದಕ್ಕೇ ಸ್ವಲ್ಪ ಉದ್ದ ಬರೆಯುತ್ತಿದ್ದೇನೆ, ಬೇಜಾರಾಗಬೇಡಿ.

ನಾವು ಇರುವುದು ತೋಟದಲ್ಲಿ. ನಿಮ್ಮ ಕಡೆ ತೋಟ ಎಂದರೆ ತೆಂಗು, ಅಡಿಕೆ, ಬಾಳೆ. ನಮ್ಮ ಬೆಳಗಾವಿ ಜಿಲ್ಲೆಯ ಈ ತುದಿಯಲ್ಲಿ ನೀರಾವರಿ ಇರುವ ಹೊಲವೆಲ್ಲ ತೋಟವೇ. ಕಬ್ಬು, ಗೋವಿನಜೋಳ, ಅರಿಷಿಣ, ನಡುವೆ ಒಂದು ಬಾವಿ, ಬಾವಿಯ ಪಕ್ಕ ಮನೆ. ಅಜ್ಜನ ಕಾಲದಲ್ಲಿ ಅದು ಬರೀ ದನದ ಕೊಟ್ಟಿಗೆ ಆಗಿತ್ತು. ಪಂಪ್‌ಸೆಟ್ ಬಂತು, ರಾತ್ರಿ ಕರೆಂಟು ಬಂದಾಗ ನೀರು ಹಾಯಿಸಲು ಯಾರಾದರೂ ಇರಲೇಬೇಕಾಯಿತು. ಮೊದಲು ಒಬ್ಬ ಕಾಕಾ ಹೋಗಿ ಮಲಗುತ್ತಿದ್ದ. ಆಮೇಲೆ ಅವನ ಹೆಂಡತಿ ಮಕ್ಕಳು ಹೋದರು, ಅಣ್ಣತಮ್ಮಂದಿರೆಲ್ಲ ಅಲ್ಲೇ ಮನೆ ಕಟ್ಟಿಕೊಂಡರು. ಕೃಷ್ಣಾ ನದಿಗೆ ಮಹಾಪೂರ ಬಂದಾಗಲೆಲ್ಲ ಇನ್ನಷ್ಟು ಮನೆಗಳು ಎತ್ತರದ ತೋಟಗಳಿಗೆ ಬಂದವು. 2019ರ ಪ್ರವಾಹ ಆದಮೇಲೆ ಅದು ಇನ್ನೂ ಜಾಸ್ತಿ ಆಯಿತು. ಈಗ ನಮ್ಮ ಸಾಲಿನಲ್ಲಿ ಮೂವತ್ತು ಮನೆ ಇದೆ. ಒಂದು ಲಕ್ಕಮ್ಮನ ಗುಡಿ, ಒಂದು ಹಾಲಿನ ಡೇರಿ, ಐದನೇ ತರಗತಿವರೆಗೆ ಒಂದು ಶಾಲೆ.

ಅಥಣಿ, ರಾಯಬಾಗ, ಕಾಗವಾಡದ ಕಡೆ ಬಂದರೆ ಇಂಥ ತೋಟದ ಶಾಲೆಗಳು ಎಷ್ಟೋ ಸಿಗುತ್ತವೆ. ಮನೆತನದ ಅಡ್ಡಹೆಸರು, ಅದರ ಹಿಂದೆ ತೋಟ ಎಂಬ ಪದ, ಅದೇ ಶಾಲೆಯ ಹೆಸರು. ಚಿಕ್ಕೋಡಿ ಕಡೆ ಕೆಲವರು ಕೋಡಿ ಅನ್ನುತ್ತಾರೆ. ವಿಜಯಪುರದ ಕಡೆ ವಸ್ತಿ. ಗಡಿ ದಾಟಿ ಮಹಾರಾಷ್ಟ್ರದ ಮಿರಜ ಕಡೆ ಹೋದರೆ ಮಳಾ. ಹೆಸರು ಬೇರೆ, ಬದುಕು ಒಂದೇ.

ಹಾಗಾದರೆ ಊರು ಯಾವುದು? ನಮ್ಮ ತೋಟದ ಯಾವ ಮುದುಕಿಯನ್ನಾದರೂ ಕೇಳಿ. ಅಗಸಿಯ ಒಳಗೆ ಇರುವುದು ಊರು. ಅಗಸಿ ಎಂದರೆ ಊರಬಾಗಿಲು. ಅದರ ಹತ್ತಿರ ಹನುಮಪ್ಪನ ಗುಡಿ, ಚಾವಡಿ, ಮುಂದೆ ಬಜಾರು, ವಾರಕ್ಕೊಮ್ಮೆ ಸಂತೆ. "ಊರಾಗ ಹೋಗಿ ಬರ್ತೀನ್ರಿ" ಅಂದರೆ ಅಲ್ಲಿಗೆ. ಎರಡು ಕಿಲೋಮೀಟರ್ ದೂರವೂ ಇಲ್ಲ. ಆದರೂ ಅದು ಊರು, ಇದು ತೋಟ.

ಇದು ಬರೀ ಮಾತಿನ ರೂಢಿಯಲ್ಲ, ಕಾಗದದಲ್ಲೂ ಹೀಗೇ ಇದೆ. ನಮ್ಮ ಜಿಲ್ಲೆಗಳು 1956ರವರೆಗೆ ಮುಂಬೈ ರಾಜ್ಯದಲ್ಲಿದ್ದವು. ಆ ಕಾಲದ ಸರ್ವೆಯಲ್ಲಿ ಜನ ವಾಸವಿರುವ ಜಾಗದ ಸುತ್ತ ಒಂದು ಗೆರೆ ಎಳೆದರು. ಅದಕ್ಕೆ ಗಾಂವಠಾಣ ಎನ್ನುತ್ತೇವೆ. ಗೆರೆಯ ಒಳಗೆ ಮನೆ ಇದ್ದರೆ ಮನೆಯ ಉತಾರ ಸಿಗುತ್ತದೆ. ನಿಮ್ಮ ಕಡೆ ಪಹಣಿ ಅನ್ನುವುದನ್ನೂ ನಾವು ಉತಾರ ಎಂದೇ ಕರೆಯುತ್ತೇವೆ. ಗೆರೆಯ ಹೊರಗಿನದೆಲ್ಲ ಹೊಲ. ಅಲ್ಲಿ ಮೂವತ್ತು ಮನೆ ನಿಂತರೂ ಉತಾರದಲ್ಲಿ ಬರುವುದು ಕಬ್ಬು.

ಇದರ ಬಿಸಿ ನನಗೂ ತಟ್ಟಿದೆ. ಅಪ್ಪನ ಹಳೆಯ ಮನೆ ಸೋರುತ್ತಿತ್ತು. ತಗಡು ತೆಗೆದು ಸ್ಲ್ಯಾಬ್ ಹಾಕೋಣ ಎಂದು ಒಂದು ಬ್ಯಾಂಕಿಗೆ ಸಾಲ ಕೇಳಲು ಹೋದೆ. ಮನೆಯ ಉತಾರ ಕೇಳಿದರು. ಹೊಲದ್ದು ಕೊಟ್ಟೆ. "ಇದರಲ್ಲಿ ಮನೆ ಎಲ್ಲಿದೆ? ಎನ್‌ಎ ಆಗಿದೆಯಾ?" ಎಂದರು. ಎನ್‌ಎ ಅಂದರೆ ಹೊಲವನ್ನು ಬಿನ್‌ಶೇತ್ಕಿ ಮಾಡಿಸುವುದು, ಬೇಸಾಯದ ಜಮೀನಲ್ಲ ಎಂದು ಕಾಗದದಲ್ಲಿ ಬದಲಾಯಿಸಿಕೊಳ್ಳುವುದು. ನಾನು ಹುಟ್ಟಿದ ಮನೆ ಅದು, ನನ್ನ ಅಜ್ಜಿ ಕೊನೆಯುಸಿರೆಳೆದ ಮನೆ ಅದು. ಅದು ಇಲ್ಲ ಎಂದು ಕಾಗದ ಹೇಳಿತು. ಆ ದಿನ ಮನೆಗೆ ಬಂದು ಊಟ ಮಾಡಲಾಗಲಿಲ್ಲ. ನಿಮ್ಮ ಪ್ರಶ್ನೆ ನನ್ನನ್ನು ಇಷ್ಟು ತಟ್ಟಿದ್ದು ಇದೇ ಕಾರಣಕ್ಕೆ.

ಜನಗಣತಿಯಲ್ಲೂ ತೋಟಕ್ಕೆ ಬೇರೆ ಹೆಸರಿಲ್ಲ. ಅಲ್ಲಿ ಹಳ್ಳಿ ಎಂದರೆ ಕಂದಾಯ ಗ್ರಾಮ, ಅಂದರೆ ಸರ್ವೆಯಾದ ಗಡಿ ಇರುವ ಗ್ರಾಮ. ಅದರೊಳಗೆ ಎಷ್ಟು ತೋಟ, ವಸ್ತಿ, ತಾಂಡಾ ಇದ್ದರೂ ಲೆಕ್ಕ ಒಂದೇ. ಇನ್ನೊಂದು ಕಡೆ, ಒಬ್ಬ ಮನುಷ್ಯನೂ ವಾಸವಿಲ್ಲದ ಗ್ರಾಮಕ್ಕೂ ಪಟ್ಟಿಯಲ್ಲಿ ಜಾಗ ಇದೆ. ಅದಕ್ಕೆ ಬೇಚರಾಕ್ ಗ್ರಾಮ ಎನ್ನುತ್ತಾರೆ. 2011ರಲ್ಲಿ ದೇಶದಲ್ಲಿ ಎಣಿಸಿದ ಸುಮಾರು 6.4 ಲಕ್ಷ ಹಳ್ಳಿಗಳಲ್ಲಿ ಇಂಥ ಖಾಲಿ ಹಳ್ಳಿಗಳೂ ಸೇರಿವೆ. ಜನ ಇಲ್ಲದ ಗ್ರಾಮಕ್ಕೆ ಹೆಸರಿದೆ, ಜನ ಇರುವ ತೋಟಕ್ಕೆ ಇಲ್ಲ.

ಹೆಸರು ಸಿಕ್ಕರೆ ಏನಾಗುತ್ತದೆ ಎಂದು ನೋಡಬೇಕಾದರೆ ವಿಜಯಪುರದ ತಾಂಡಾಗಳ ಕಡೆ ಹೋಗಬೇಕು. ಲಂಬಾಣಿ ಜನ ತಲೆಮಾರುಗಳಿಂದ ಅಲ್ಲಿದ್ದರು, ಆದರೆ ಕೂತ ನೆಲ ಕಾಗದದಲ್ಲಿ ಅವರದಾಗಿರಲಿಲ್ಲ. ಕಲಬುರಗಿ, ಯಾದಗಿರಿ, ರಾಯಚೂರು, ಬೀದರ, ವಿಜಯಪುರ, ಈ ಐದು ಜಿಲ್ಲೆಗಳಲ್ಲಿ ದಾಖಲೆಯಿಲ್ಲದ 1,475 ಜನವಸತಿಗಳನ್ನು ಹೊಸ ಕಂದಾಯ ಗ್ರಾಮ ಎಂದು ಘೋಷಿಸಿದರು. 2023ರ ಜನವರಿಯಲ್ಲಿ ಮಳಖೇಡದಲ್ಲಿ 50 ಸಾವಿರಕ್ಕೂ ಹೆಚ್ಚು ಕುಟುಂಬಗಳಿಗೆ ಹಕ್ಕುಪತ್ರ ಕೊಟ್ಟರು. ತಾಂಡಾಕ್ಕೂ ನಮ್ಮ ತೋಟಕ್ಕೂ ವ್ಯತ್ಯಾಸ ಇದೆ, ಒಪ್ಪುತ್ತೇನೆ. ನಮ್ಮ ಹೊಲವಾದರೂ ನಮ್ಮದು. ಅವರಿಗೆ ಅದೂ ಇರಲಿಲ್ಲ. ಮೊದಲು ಅವರಿಗೆ ಸಿಕ್ಕಿದ್ದು ಸರಿಯಾದದ್ದೇ.

ಬಾಗಲಕೋಟೆಯದು ಇನ್ನೊಂದು ಕಥೆ. ನಮ್ಮ ಅಕ್ಕನನ್ನು ಬೀಳಗಿ ಕಡೆ ಕೊಟ್ಟಿದ್ದೇವೆ. ಆಲಮಟ್ಟಿಯ ಹಿನ್ನೀರಿನಲ್ಲಿ ಅವರ ಊರು ಮುಳುಗಡೆ ಆಯಿತು. ಈಗ ಇರುವುದು ಆರ್‌ಸಿಯಲ್ಲಿ, ಅಂದರೆ ಪುನರ್ವಸತಿ ಕೇಂದ್ರದಲ್ಲಿ. ಹೆಸರು ಹಳೆಯ ಊರಿನದೇ. ರಸ್ತೆಗಳು ನೆಟ್ಟಗಿವೆ, ಸೈಟುಗಳಿಗೆ ನಂಬರಿದೆ. ಆದರೆ ಅಗಸಿ ಇಲ್ಲ. ಅಕ್ಕನ ಅತ್ತೆ ಇಂದಿಗೂ "ಊರು ನೀರಾಗ ಐತಿ, ನಾವು ಸೆಂಟರಿನ್ಯಾಗ ಅದೀವಿ" ಅನ್ನುತ್ತಾರೆ. ಕಾಗದದಲ್ಲಿ ಊರು ಇದೆ, ಅವರ ಮನಸ್ಸಿನಲ್ಲಿ ಇಲ್ಲ. ನಮ್ಮದು ಇದರ ಉಲ್ಟಾ.

ಇನ್ನು ಉಗಾರದ ವಿಷಯ. ನೀವು ಒಂದೇ ಉಗಾರ ಎಂದುಕೊಂಡಿದ್ದೀರಿ, ಎರಡಿವೆ. ಉಗಾರ ಖುರ್ದ, ಉಗಾರ ಬುದ್ರುಕ. ಪಾರ್ಸಿಯಲ್ಲಿ ಖುರ್ದ್ ಎಂದರೆ ಸಣ್ಣದು, ಬುಜುರ್ಗ್ ಎಂದರೆ ಹಿರಿಯದು. ಬುಜುರ್ಗ್ ಎಂಬುದು ಮರಾಠಿ ಬಾಯಲ್ಲಿ ಬುದ್ರುಕ ಆಯಿತು. ಸರಕಾರಿ ಬೋರ್ಡಿನಲ್ಲಿ ಬಿ.ಕೆ., ಕೆ.ಎಚ್. ಎಂದು ನೋಡಿದರೆ ಅದು ಇದೇ. ಕನ್ನಡದಲ್ಲಿ ಹಿರೇಬಾಗೇವಾಡಿ, ಚಿಕ್ಕಬಾಗೇವಾಡಿ ಎಂದಹಾಗೆ. ಯಾವುದೋ ಕಾಲದ ಅಧಿಕಾರಿ ಜೋಡಿ ಊರುಗಳನ್ನು ನೋಡಿ ದೊಡ್ಡದು ಯಾವುದು, ಸಣ್ಣದು ಯಾವುದು ಎಂದು ಬರೆದಿಟ್ಟ. ಆಮೇಲೆ ಖುರ್ದಕ್ಕೆ ಸಕ್ಕರೆ ಕಾರ್ಖಾನೆ ಬಂತು, ರೈಲು ನಿಲ್ದಾಣವೂ ಅಲ್ಲೇ. "ಸಣ್ಣದು" ಬೆಳೆದು ಪುರಸಭೆಯಾಯಿತು. "ದೊಡ್ಡದು" ಗ್ರಾಮ ಪಂಚಾಯಿತಿಯಾಗಿಯೇ ಇದೆ. ನಮ್ಮ ತೋಟ ಕಾಗದದಲ್ಲಿ ಬುದ್ರುಕಕ್ಕೆ ಸೇರಿದ್ದು.

ಹಳ್ಳಿ ಪಟ್ಟಣವಾಗುವುದಕ್ಕೆ ನಮ್ಮ ದೇಶದಲ್ಲಿ ಎರಡು ದಾರಿ. ಒಂದು, ರಾಜ್ಯ ಸರಕಾರವೇ ಘೋಷಿಸುವುದು. ಕರ್ನಾಟಕದ 1964ರ ಕಾಯ್ದೆಯ ಅಳತೆಯಂತೆ 10 ಸಾವಿರದಿಂದ 20 ಸಾವಿರ ಜನರಿದ್ದರೆ ಪಟ್ಟಣ ಪಂಚಾಯಿತಿ, ಅದಕ್ಕಿಂತ ದೊಡ್ಡದಾದರೆ ಪುರಸಭೆ, 50 ಸಾವಿರ ದಾಟಿದರೆ ನಗರಸಭೆ. ಎರಡನೆಯದು ಜನಗಣತಿಯ ದಾರಿ. 5,000 ಜನ, ಚದರ ಕಿಲೋಮೀಟರಿಗೆ 400 ಜನ, ದುಡಿಯುವ ಗಂಡಸರಲ್ಲಿ ಶೇ. 75 ಜನ ಬೇಸಾಯ ಬಿಟ್ಟು ಬೇರೆ ಕೆಲಸದಲ್ಲಿರಬೇಕು. ಈ ಮೂರೂ ಇದ್ದರೆ ಅದು ಜನಗಣತಿ ಪಟ್ಟಣ. ಪಂಚಾಯಿತಿ ಗ್ರಾಮದ್ದೇ, ಲೆಕ್ಕದಲ್ಲಿ ಮಾತ್ರ ಪಟ್ಟಣ. 2001ರಲ್ಲಿ ದೇಶದಲ್ಲಿ 1,362 ಇದ್ದ ಇಂಥ ಪಟ್ಟಣಗಳು 2011ಕ್ಕೆ 3,894 ಆದವು. ಬೆಳಗಾವಿ ನಗರದ ಸುತ್ತಲಿನ ಹಿಂಡಲಗಾ, ಪೀರನವಾಡಿ, ಕಂಗ್ರಾಳಿ ಬಿ.ಕೆ. ಆಗ ಈ ಪಟ್ಟಿಯಲ್ಲಿದ್ದವು. ಅಲ್ಲೇ ಪಕ್ಕದ ಕ್ಯಾಂಪ್ ಪ್ರದೇಶಕ್ಕೆ ಕಂಟೋನ್ಮೆಂಟ್ ಬೋರ್ಡ್ ಎಂಬ ಬೇರೆಯೇ ಆಡಳಿತ. ಒಂದೇ ಸಿಟಿ ಬಸ್ಸಿನಲ್ಲಿ ಅರ್ಧ ಗಂಟೆ ಕುಳಿತರೆ ಮೂರು ತರದ ಊರು ದಾಟುತ್ತೀರಿ.

ಇಲ್ಲಿ ಒಂದು ಮಾತು ಹೇಳಲೇಬೇಕು. ಆ ಶೇ. 75ರ ಲೆಕ್ಕದಲ್ಲಿ ಹೆಂಗಸರಿಲ್ಲ, ಗಂಡಸರ ಕೆಲಸ ಮಾತ್ರ ನೋಡುತ್ತಾರೆ. ನಮ್ಮ ಓಣಿಯಲ್ಲಿ ಗಂಡ ಕಾರ್ಖಾನೆಗೆ ಹೋಗುತ್ತಾನೆ, ಹೆಂಡತಿ ಹೊಲದಲ್ಲಿ ಕಸ ತೆಗೆಯುತ್ತಾಳೆ, ಎಮ್ಮೆ ಹಿಂಡುತ್ತಾಳೆ. ಮನೆ ನಡೆಯುವುದು ಎರಡರಿಂದಲೂ. ಗಂಡನನ್ನಷ್ಟೇ ಕೇಳಿ ಇದು ಪಟ್ಟಣ ಎಂದು ಬರೆದುಕೊಂಡರೆ ಅರ್ಧ ಊರನ್ನು ಬಿಟ್ಟಹಾಗಾಯಿತು ಅಲ್ವಾ?

ಪಟ್ಟಣವಾದರೆ ಒಳ್ಳೆಯದೇ ಅಲ್ವಾ ಎಂದು ನೀವು ಕೇಳಬಹುದು. ಕೆಲವರಿಗೆ ಹೌದು. ಬೀದಿದೀಪ, ಚರಂಡಿ, ನಲ್ಲಿ ಬರಬಹುದು, ಪ್ಲಾಟಿನ ರೇಟು ಏರುತ್ತದೆ. ಆದರೆ ಉದ್ಯೋಗ ಖಾತ್ರಿ ಕೆಲಸ ಹಳ್ಳಿಗೆ ಮಾತ್ರ. ಪುರಸಭೆಯಾದ ದಿನ ಕೂಲಿಯವರ ಆ ಕೆಲಸ ನಿಲ್ಲುತ್ತದೆ. ಒಂದರಿಂದ ಹತ್ತನೇ ತರಗತಿವರೆಗೆ ಗ್ರಾಮೀಣ ಪ್ರದೇಶದಲ್ಲಿ ಓದಿದವರಿಗೆ ರಾಜ್ಯದ ನೌಕರಿಯಲ್ಲಿ ಮೀಸಲಾತಿ ಇದೆ. ಅದೇ ಶಾಲೆ, ಅದೇ ಮೇಷ್ಟ್ರು, ಅದೇ ಕೆಸರಿನ ದಾರಿ. ಜಾಗದ ಹೆಸರು ಬದಲಾದರೆ ತಮ್ಮನಿಗೆ ಆ ಪ್ರಮಾಣಪತ್ರ ಸಿಗುವುದಿಲ್ಲ, ಅಣ್ಣನಿಗೆ ಸಿಕ್ಕಿರುತ್ತದೆ.

ಗಡಿಯಲ್ಲಿ ಇರುವವರಿಗೆ ಇದು ಇನ್ನೂ ಚೆನ್ನಾಗಿ ಕಾಣುತ್ತದೆ. ಮಿರಜ ಕಡೆಯ ನಮ್ಮ ಬೀಗರು ಪುರಸಭೆ, ನಗರಸಭೆ ಎನ್ನುವುದಿಲ್ಲ. ಅವರಲ್ಲಿ ನಗರ ಪಂಚಾಯತ, ನಗರ ಪರಿಷದ. ಪರಿಷದದಲ್ಲಿ ಮತ್ತೆ ಅ, ಬ, ಕ ಎಂಬ ವರ್ಗಗಳು. ಲಕ್ಷಕ್ಕಿಂತ ಜಾಸ್ತಿ ಜನ ಇದ್ದರೆ ಅ, 40 ಸಾವಿರ ದಾಟಿದರೆ ಬ. ಅದೇ ಕಬ್ಬು, ಅದೇ ಕೃಷ್ಣಾ ನೀರು, ಮದುವೆಯಲ್ಲಿ ಅದೇ ಎರಡು ಭಾಷೆ. ಊರಿಗೆ ಕೊಡುವ ಹೆಸರು ಮಾತ್ರ ಬೇರೆ.

ನಿಮಗೆ ಉತ್ತರ ಬರೆಯಬೇಕೆಂದು ಬೇರೆ ದೇಶಗಳಲ್ಲಿ ಹೇಗೆ ಎಂದೂ ಓದಿದೆ. ಬ್ರಿಟನ್ನಿನಲ್ಲಿ ಸಿಟಿ ಎಂಬ ಪದವಿಯನ್ನು ಅರಸರು ಕೊಡುತ್ತಾರಂತೆ. ವೇಲ್ಸ್‌ನ ಸೇಂಟ್ ಡೇವಿಡ್ಸ್‌ನಲ್ಲಿ ಎರಡು ಸಾವಿರ ಜನರೂ ಇಲ್ಲ, ಅದು ಸಿಟಿ. ರೆಡಿಂಗ್ ಎಷ್ಟೋ ದೊಡ್ಡದು, ಕೇಳಿದರೂ ಸಿಕ್ಕಿಲ್ಲ. ಜಪಾನಿನಲ್ಲಿ ನಗರವಾಗಲು 50 ಸಾವಿರ ಜನ ಬೇಕು. ಅಮೆರಿಕದಲ್ಲಿ ನೂರು ವರ್ಷ 2,500 ಜನರ ಗೆರೆ ಇತ್ತು. 2020ರ ಗಣತಿಯಿಂದ 5,000 ಜನ ಅಥವಾ 2,000 ಮನೆ ಎಂದು ಬದಲಾಯಿಸಿದರು. ಪೆರುವಿನಲ್ಲಿ ಒತ್ತೊತ್ತಾಗಿ 100 ಮನೆ ಇದ್ದರೆ ನಗರ ಪ್ರದೇಶವೇ. ನೇಪಾಳದಲ್ಲಿ ಕೆಲವೇ ವರ್ಷಗಳಲ್ಲಿ ಹಳ್ಳಿಗಳನ್ನು ಸೇರಿಸಿ ಸೇರಿಸಿ 58 ಇದ್ದ ನಗರಪಾಲಿಕೆಗಳು 293 ಆದವು. ಜನ ಎಲ್ಲಿಗೂ ಹೋಗಲಿಲ್ಲ, ಹೊಲ ಉಳುತ್ತಲೇ ನಗರವಾಸಿಗಳಾದರು.

ನನಗೆ ತುಂಬ ಹಿಡಿಸಿದ್ದು ಸ್ವೀಡನ್ನಿನ ಲೆಕ್ಕ. ಅಲ್ಲಿ 200 ಜನ ಇರಬೇಕು, ಒಂದು ಮನೆಯಿಂದ ಇನ್ನೊಂದು ಮನೆಗೆ 200 ಮೀಟರಿಗಿಂತ ಜಾಸ್ತಿ ಅಂತರ ಇರಬಾರದು. ಅಷ್ಟಿದ್ದರೆ ಅದಕ್ಕೆ ತನ್ನದೇ ಹೆಸರು, ತನ್ನದೇ ಲೆಕ್ಕ. ಓದಿದ ದಿನ ಸಂಜೆ ಮಗನ ಜೊತೆ ನಮ್ಮ ಸಾಲಿನ ಮನೆಗಳ ನಡುವೆ ಹೆಜ್ಜೆ ಹಾಕಿ ಅಳೆದೆ. ಎಲ್ಲೂ 200 ಮೀಟರ್ ದಾಟಲಿಲ್ಲ. ಡೇರಿಯ ಹತ್ತಿರ ಮಾತ್ರ ಸ್ವಲ್ಪ ಎಳೆದಂತಾಯಿತು. ಮನೆಗೆ ಏಳು ಜನ ಎಂದರೂ ಮೂವತ್ತು ಮನೆಗೆ 200 ದಾಟುತ್ತದೆ. ಆ ದೇಶದ ಅಳತೆಯಲ್ಲಿ ನಾವು ಒಂದು ಊರು.

2020ರಲ್ಲಿ ವಿಶ್ವಸಂಸ್ಥೆಯ ಅಂಕಿಅಂಶ ಆಯೋಗ ಎಲ್ಲ ದೇಶಗಳಿಗೂ ಹೊಂದುವ ಒಂದು ವಿಧಾನ ಒಪ್ಪಿದೆ. ನೆಲವನ್ನೆಲ್ಲ ಒಂದು ಚದರ ಕಿಲೋಮೀಟರಿನ ಚೌಕಗಳಾಗಿ ಮಾಡುತ್ತಾರೆ, ಪ್ರತಿ ಚೌಕದಲ್ಲಿ ಎಷ್ಟು ಜನ ಎಂದು ನೋಡುತ್ತಾರೆ. 1,500ಕ್ಕಿಂತ ಜಾಸ್ತಿ ಇರುವ ಚೌಕಗಳು ಒಟ್ಟಿಗೆ ಸೇರಿ 50 ಸಾವಿರ ಜನರಾದರೆ ನಗರ. 300ರ ಮೇಲಿನ ಚೌಕಗಳು ಸೇರಿ 5,000 ಆದರೆ ಪಟ್ಟಣ. ಉಳಿದದ್ದು ಗ್ರಾಮೀಣ. ದೇಶ ದೇಶಗಳನ್ನು ಹೋಲಿಸುವುದಕ್ಕೆ ಮಾಡಿದ್ದು ಇದು, ಇದರಿಂದ ಯಾರಿಗೂ ಉತಾರ ಸಿಗುವುದಿಲ್ಲ. ಆದರೂ ನನಗೆ ಇದು ನ್ಯಾಯವಾಗಿ ಕಾಣುತ್ತದೆ. ಚೌಕಕ್ಕೆ ಗಾಂವಠಾಣದ ಗೆರೆ ಗೊತ್ತಿಲ್ಲ, ಅಲ್ಲಿ ಇರುವ ಮನುಷ್ಯರಷ್ಟೇ ಗೊತ್ತು.

ಮುಂದಿನ ಜನಗಣತಿಗೆ 2027ರ ಮಾರ್ಚ್ 1ನ್ನು ಲೆಕ್ಕದ ದಿನ ಎಂದು ಗೊತ್ತುಮಾಡಿದ್ದಾರೆ. ಎಣಿಸಲು ಬರುವ ಮೇಷ್ಟ್ರು ನಮ್ಮ ಮನೆಗೂ ಬರುತ್ತಾರೆ. ಊರಿನ ಕಾಲಂನಲ್ಲಿ ಉಗಾರ ಬುದ್ರುಕ ಎಂದೇ ಬರೆಯುತ್ತಾರೆ. ಪಕ್ಕದಲ್ಲಿ ತೋಟದ ಹೆಸರನ್ನೂ ಬರೆಯಿರಿ ಎಂದು ಕೇಳಬೇಕೆಂದಿದ್ದೇನೆ.

ನೀವು ದೀಪಾವಳಿಗೆ ಬರುವುದಾಗಿ ಹೇಳಿದ್ದೀರಿ. ಬೆಳಗಾವಿಯಿಂದ ಮಿರಜ ಗಾಡಿ ಹತ್ತಿ. ಕುಡಚಿ ದಾಟಿ, ಕೃಷ್ಣಾ ಸೇತುವೆ ದಾಟಿದ ಮೇಲೆ ಉಗಾರ ಖುರ್ದ ಬರುತ್ತದೆ. ಅಲ್ಲಿ ಇಳಿಯಿರಿ. ಆಟೋದವರಿಗೆ ಊರಿನ ಹೆಸರು ಹೇಳಬೇಡಿ, ಊರೊಳಗೆ ಕರೆದುಕೊಂಡು ಹೋಗಿ ಬಿಡುತ್ತಾರೆ. ನಮ್ಮ ಅಡ್ಡಹೆಸರು ಹೇಳಿ, "ಅವರ ತೋಟಕ್ಕೆ" ಅನ್ನಿ. ಶಾಲೆಯ ಮುಂದೆ ನಾನು ನಿಂತಿರುತ್ತೇನೆ.