ಡಿಸ್‌ಪ್ಲೇಸ್‌ಮೆಂಟ್ ಅಂದರೆ ನಿಜವಾಗಿ ಏನು? ಒಂದೊಂದು ಕಡೆ ಒಂದೊಂದು ಅರ್ಥ ಯಾಕೆ?

ಭೌತಶಾಸ್ತ್ರದ್ದು, ಭೂವಿಜ್ಞಾನದ್ದು, ಸಮಾಜಶಾಸ್ತ್ರದ್ದು, ಇದರಲ್ಲಿ ಯಾವ ವ್ಯಾಖ್ಯೆ ಸರಿ ಅಂತ ಕೇಳಿದ್ದೀರಿ. ಸಿವಿಲ್ ಡಿಪ್ಲೊಮಾ ಓದುವಾಗ ನಾನೂ ಇದನ್ನೇ ಕೇಳಿದ್ದೆ. ಮೇಷ್ಟ್ರು ಬರೆಸಿದ ಎರಡು ಸಾಲನ್ನು ಬಾಯಿಪಾಠ ಮಾಡಿದೆ, ಮಾರ್ಕೂ ಬಂತು. ಅರ್ಥ ಆಗಿದ್ದು ಮಾತ್ರ ಒಂದು ಗೋಡೆ ಬಿದ್ದ ಮೇಲೆ.

ಕೆಲಸಕ್ಕೆ ಸೇರಿ ಎರಡನೇ ಮಳೆಗಾಲ. ಮಂಗಳೂರಿನ ಕುಲಶೇಖರದ ಕಡೆ ಗುಡ್ಡ ಕಡಿದು ಫ್ಲ್ಯಾಟ್ ಕಟ್ಟುತ್ತಿದ್ದರು. ಅಂಚಿಗೆ ಆರು ಮೀಟರ್ ಎತ್ತರದ ತಡೆಗೋಡೆ, ಅದರ ಕೆಳಗೆ ಒಂದು ಹಳೇ ಹೆಂಚಿನ ಮನೆ. ನಮ್ಮ ಗುಡ್ಡಗಳು ಗೊತ್ತಲ್ವಾ? ಮೇಲೆ ಗಟ್ಟಿ ಮುರಕಲ್ಲು, ಅದರಡಿ ಶೇಡಿ ಮಣ್ಣು. ಶೇಡಿ ಒಣಗಿದ್ದಾಗ ಕಲ್ಲಿನ ಹಾಗೆ ನಿಲ್ಲುತ್ತದೆ, ನೀರು ಕುಡಿದರೆ ಬೆಣ್ಣೆ. ಇಲ್ಲಿ ವರ್ಷಕ್ಕೆ 3,500 ಮಿ.ಮೀ.ಗಿಂತ ಜಾಸ್ತಿ ಮಳೆ, ಹೆಚ್ಚಿನದು ಜೂನ್‌ನಿಂದ ಸೆಪ್ಟೆಂಬರ್ ಒಳಗೇ. ಗೋಡೆ ಸರಿಯುತ್ತಿದೆಯಾ ಅಂತ ದಿನಾ ಅಳೆದು ಬರೆದಿಡುವುದು ನನ್ನ ಕೆಲಸ.

ಗೋಡೆಯ ತಲೆಗೆ ಒಂದು ಮೊಳೆ ಹೊಡೆದೆ. ಅದರಿಂದ ನಾಲ್ಕು ಮೀಟರ್ ಹಿಂದೆ, ಮೇಲಿನ ಜಾಗದಲ್ಲಿ ಒಂದು ಗೂಟ ನೆಟ್ಟೆ. ದಿನಾ ಬೆಳಿಗ್ಗೆ ಗೂಟದಿಂದ ಮೊಳೆಗೆ ಟೇಪು. 4.182 ಮೀಟರ್. ಮರುದಿನ 4.182. ಮೂರು ವಾರ ಅದೇ ಅಂಕಿ. ಪುಸ್ತಕದಲ್ಲಿ ‘ಡಿಸ್‌ಪ್ಲೇಸ್‌ಮೆಂಟ್: ಸೊನ್ನೆ’ ಅಂತ ಬರೆದು ಸಹಿ ಹಾಕಿದೆ.

ಕೆಳಗಿನ ಮನೆಯ ಅಮ್ಮ ಒಂದು ದಿನ ಕರೆದರು. ತಡೆಗೋಡೆಯ ಕೊಕ್ಕೆಯಿಂದ ಅಂಗಳದ ತೆಂಗಿನ ಮರಕ್ಕೆ ಬಟ್ಟೆ ಒಣಗಿಸುವ ನೀಲಿ ನೈಲಾನ್ ಹಗ್ಗ ಕಟ್ಟಿದ್ದರು. “ಮಗಾ, ಹಗ್ಗ ಪುನಃ ಜೋತು ಬಿದ್ದಿದೆ. ಎರಡು ಸಲ ಬಿಗಿ ಮಾಡಿದೆ. ಗೋಡೆ ನಮ್ಮ ಕಡೆ ಬರ್ತಾ ಉಂಟು.”

“ಇಲ್ಲಮ್ಮಾ, ನಾನು ದಿನಾ ಅಳೀತೇನೆ. ಮಳೆಗೆ ಹಗ್ಗವೇ ಸಡಿಲ ಆಗಿರ್ತದೆ” ಅಂದೆ. ಅವರು ಮತ್ತೆ ವಾದಿಸಲಿಲ್ಲ. ನನ್ನ ಕೈಯಲ್ಲಿ ಪುಸ್ತಕ ಇತ್ತು, ಅದಕ್ಕೆ.

ಜುಲೈ ಮೊದಲ ವಾರ, ರಾತ್ರಿ, ಗೋಡೆ ಮಲಗಿತು. ಮನೆಯವರು ಉಳಿದರು. ಬಾವಿಕಟ್ಟೆ ಹೋಯಿತು. ಹಟ್ಟಿಯಲ್ಲಿದ್ದ ಕರು ಉಳಿಯಲಿಲ್ಲ. ನನ್ನ ಕೆಲಸವೂ ಹೋಯಿತು. ಅದರ ಬಗ್ಗೆ ಬೇಜಾರಿಲ್ಲ, ಕರುವಿನದ್ದು ಈಗಲೂ ಇದೆ.

ತಪ್ಪು ಎಲ್ಲಿ ಅಂತ ಬಿಡಿಸಿ ಹೇಳುತ್ತೇನೆ, ಯಾಕೆಂದರೆ ನಿಮ್ಮ ಪ್ರಶ್ನೆಗೆ ಉತ್ತರ ಅಲ್ಲೇ ಇದೆ. ನನ್ನ ಟೇಪು ಸರಿ ಇತ್ತು, ಓದಿದ ಅಂಕಿಯೂ ಸರಿ. ಗೂಟ ನೆಟ್ಟ ಜಾಗ ತಪ್ಪು. ಗೋಡೆ ಒಂದೇ ಸರಿಯುತ್ತಿರಲಿಲ್ಲ, ಹಿಂದಿನ ಮಣ್ಣಿನ ಇಡೀ ತುಂಡೇ ಅದರ ಜೊತೆ ಹೊರಟಿತ್ತು. ನನ್ನ ಗೂಟ ಆ ತುಂಡಿನ ಮೇಲೇ ಇತ್ತು. ಗೋಡೆ ಒಂದು ಸೆಂಟಿಮೀಟರ್ ಹೋದರೆ ಗೂಟವೂ ಒಂದು ಸೆಂಟಿಮೀಟರ್ ಹೋಗುತ್ತಿತ್ತು. ನಡುವಿನ ದೂರ ಹೇಗೆ ಬದಲಾಗಬೇಕು? ಬಿರುಕು ಬಿಟ್ಟದ್ದು ಗೂಟದ ಹಿಂದೆ, ಹುಲ್ಲಿನೊಳಗೆ. ನಾನು ಅಲ್ಲಿಯವರೆಗೆ ನಡೆದು ನೋಡಿರಲೇ ಇಲ್ಲ. ಅಮ್ಮನ ಹಗ್ಗದ ಇನ್ನೊಂದು ತುದಿ ಇದ್ದದ್ದು ಸರಿಯದ ನೆಲದಲ್ಲಿ ನಿಂತ ತೆಂಗಿನ ಮರದಲ್ಲಿ. ಹಾಗಾಗಿ ಅವರ ಅಳತೆಯೇ ಸರಿ. ಅದೂ ಸೂಕ್ಷ್ಮ ಅಳತೆ. ಬಿಗಿಯಾಗಿ ಕಟ್ಟಿದ ಆರು ಮೀಟರ್ ಹಗ್ಗದ ಒಂದು ತುದಿ ನಾಲ್ಕು ಸೆಂಟಿಮೀಟರ್ ಹತ್ತಿರ ಬಂದರೆ ಸಾಕು, ನಡುವೆ ಸುಮಾರು ಒಂದು ಅಡಿ ಜೋಲುತ್ತದೆ. ಲೆಕ್ಕ ಹಾಕಿ ನೋಡಿ. ನಾನು ಹಾಕಿದ್ದು ಗೋಡೆ ಬಿದ್ದ ಮೇಲೆ.

ಆದ್ದರಿಂದ ಸರಿಯಾದ ವ್ಯಾಖ್ಯೆ ಯಾವುದು ಅನ್ನುವ ನಿಮ್ಮ ಪ್ರಶ್ನೆಯನ್ನೇ ನಾನು ಒಪ್ಪುವುದಿಲ್ಲ. ಇಂಗ್ಲಿಷಿನಲ್ಲಿ ಪದ ಒಂದೇ ಇದೆ ಅಂತ ಸಂಗತಿಯೂ ಒಂದೇ ಇರಬೇಕಾಗಿಲ್ಲ. ಕನ್ನಡದಲ್ಲಿ ನಾವು ಇವನ್ನು ಯಾವತ್ತೂ ಒಂದೇ ಬುಟ್ಟಿಗೆ ಹಾಕಿಲ್ಲ. ಮೂಳೆ ಜಾರುತ್ತದೆ, ಗುಡ್ಡ ಜರಿಯುತ್ತದೆ, ಜನರನ್ನು ಒಕ್ಕಲೆಬ್ಬಿಸುತ್ತಾರೆ. ಪಾಠದಲ್ಲಿ ಮಾತ್ರ ಸ್ಥಾನಪಲ್ಲಟ. ನೀವು ಕೇಳಬೇಕಾದದ್ದು ಒಂದೇ: ಎಲ್ಲಿಂದ ಅಳೆಯುತ್ತಿದ್ದಾರೆ?

ಬಸ್ಸಿನಲ್ಲಿ ಮಂಗಳೂರಿನಿಂದ ಉಡುಪಿಗೆ ಹೋಗಿ ವಾಪಸ್ ಬಂದರೆ ನೂರು ಕಿ.ಮೀ. ಮೇಲೆ ಸುತ್ತಿದ ಹಾಗೆ, ಆದರೆ ಭೌತಶಾಸ್ತ್ರದ ಸ್ಥಾನಪಲ್ಲಟ ಸೊನ್ನೆ. ಅಲ್ಲಿ ಹೊರಟ ಜಾಗ, ಮುಟ್ಟಿದ ಜಾಗ, ದಿಕ್ಕು, ಇಷ್ಟೇ ಲೆಕ್ಕ. ಹಡಗಿನವರು ಡಿಸ್‌ಪ್ಲೇಸ್‌ಮೆಂಟನ್ನು ಟನ್‌ನಲ್ಲಿ ಹೇಳುತ್ತಾರೆ. ಅದು ಹಡಗು ಪಕ್ಕಕ್ಕೆ ತಳ್ಳಿದ ನೀರಿನ ತೂಕ, ತೇಲುವ ಹಡಗಿನ ತೂಕವೂ ಅಷ್ಟೇ. ಬೈಕಿನ 97.2 ಸಿ.ಸಿ. ಅಂದರೆ ಪಿಸ್ಟನ್ ಒಂದು ತುದಿಯಿಂದ ಇನ್ನೊಂದಕ್ಕೆ ಹೋಗುವಾಗ ಗುಡಿಸುವ ಜಾಗ. ಕಬ್ಬಿಣದ ಮೊಳೆಯನ್ನು ಮೈಲುತುತ್ತದ (ಕಾಪರ್ ಸಲ್ಫೇಟ್) ನೀರಿಗೆ ಹಾಕಿದರೆ ಕಬ್ಬಿಣ ತಾಮ್ರದ ಜಾಗ ಹಿಡಿಯುತ್ತದೆ. ರಸಾಯನಶಾಸ್ತ್ರದವರು ಅದಕ್ಕೂ ಇದೇ ಪದ ಹೇಳುತ್ತಾರೆ.

ಸಮಾಜಶಾಸ್ತ್ರದ್ದು ಇವಕ್ಕಿಂತ ಕಷ್ಟ. ಮಂಗಳೂರಿನ ಪಣಂಬೂರಿನಲ್ಲಿ ಬಂದರು ಕಟ್ಟಲು ಒಕ್ಕಲೆಬ್ಬಿಸಿದವರಲ್ಲಿ ಎಷ್ಟೋ ಕುಟುಂಬಗಳು ಕಾಟಿಪಳ್ಳ, ಕೃಷ್ಣಾಪುರದಲ್ಲಿ ನೆಲೆಸಿದವು. ಹೊಸ ಊರು ನಕ್ಷೆಯಲ್ಲಿ ಕೆಲವೇ ಕಿ.ಮೀ. ದೂರ. ಆದರೆ ದೈವದ ಜಾಗ, ಗದ್ದೆ, ಕಡಲಿನ ಸದ್ದು ಬಿಟ್ಟು ಬಂದವರಿಗೆ ಅದು ಎಷ್ಟು ದೂರ ಅಂತ ಬಂದರಿನ ನಕ್ಷೆ ನೋಡಿ ಹೇಳಲು ಆಗುವುದಿಲ್ಲ. ಅದನ್ನು ಅವರ ಹಳೇ ಅಂಗಳದಿಂದ ಅಳೆಯಬೇಕು.

ಪ್ರಬಂಧ ಬರೆಯುವುದಾದರೆ ವ್ಯಾಖ್ಯೆಗಳನ್ನು ಪಟ್ಟಿ ಮಾಡಬೇಡಿ. ಒಂದೇ ಕ್ಷೇತ್ರ ಹಿಡಿದು, ಗೂಟ ಎಲ್ಲಿದೆ ಅಂತ ಮೊದಲ ಸಾಲಿನಲ್ಲೇ ಬರೆಯಿರಿ. ನಾನು ಈಗ ಯಾವ ಸೈಟ್‌ಗೆ ಹೋದರೂ ಮೂರು ಕಡೆ ಗುರುತು ಹಾಕುತ್ತೇನೆ, ಒಂದು ಕೆಳಗಿನ ಮನೆಯವರ ಅಂಗಳದಲ್ಲಿ. ಹಾಗೆ ಹೋದಾಗ ಬಟ್ಟೆಯ ಹಗ್ಗ ಎಲ್ಲಿಂದ ಎಲ್ಲಿಗೆ ಕಟ್ಟಿದ್ದಾರೆ ಅಂತಲೂ ಕೇಳುತ್ತೇನೆ.