ಏಳು ಗುಡಿ ಬೇಡ, ಒಂದು ಗುಡಿ ಸಾಕು

ನಮಸ್ಕಾರ.

ನೀವು ಕಳಿಸಿದ ‘ಗ್ರೀಸಿನ ದೇವಿಯರ ಗುಡಿಗಳು’ ಲೇಖನವನ್ನು ಎರಡು ಸಲ ಓದಿದೆ. ಮೊದಲ ಸಲ ಸುಮ್ನೆ ಓದುಗನ ಹಾಗೆ, ಎರಡನೇ ಸಲ ಪೆನ್ಸಿಲ್ ಹಿಡಿದು. ಈಗಿರುವ ಹಾಗೆ ಇದನ್ನು ಪ್ರಕಟಿಸಲು ಆಗುವುದಿಲ್ಲ. ಆ ಒಂದು ಮಾತಿಗಾಗಿ ನೀವು ಪತ್ರದ ಕೊನೆಯವರೆಗೆ ಕಾಯುವುದು ಬೇಡ ಅಂತ ಮೊದಲೇ ಹೇಳುತ್ತಿದ್ದೇನೆ. ಆದರೆ ಇದನ್ನು ಬಿಟ್ಟು ಬೇರೆ ವಿಷಯ ಹುಡುಕಿ ಅಂತಲೂ ಹೇಳುವುದಿಲ್ಲ. ಇದನ್ನೇ ಮತ್ತೆ ಬರೆಯಿರಿ. ಯಾಕೆ ಅಂತ ಬಿಡಿಸಿ ಹೇಳುತ್ತೇನೆ.

ಹದಿನಾಲ್ಕು ಪುಟ, ಏಳು ಗುಡಿ. ಅಥೆನ್ಸಿನ ಬೆಟ್ಟದ ಮೇಲೆ ಆ ಊರಿನ ದೇವಿ ಅಥೀನಾಗೆ ಕಟ್ಟಿದ ಪಾರ್ಥೆನಾನ್, ಅದರ ಪಕ್ಕದ ಎರೆಕ್ಥಿಯಾನ್, ಅಥೀನಾ ನೈಕಿಯ ಪುಟ್ಟ ಗುಡಿ, ಈಜಿನಾ ದ್ವೀಪದ ಅಫಾಯಾ, ಎಲ್ಯೂಸಿಸ್‌ನ ಡಿಮೀಟರ್, ಎಫೆಸಸ್‌ನ ಆರ್ಟೆಮಿಸ್, ಒಲಿಂಪಿಯಾದ ಹೇರಾ. ಯಾವಾಗ ಕಟ್ಟಿದ್ದು, ಎಷ್ಟು ಕಂಬ, ಎಷ್ಟು ಉದ್ದ, ಹೇಗೆ ಹಾಳಾಯಿತು. ಅದು ಮುಗಿದ ಕೂಡಲೇ ಮುಂದಿನ ಗುಡಿ. ಓದಿ ಮುಗಿಸಿದಾಗ ನನ್ನ ತಲೆಯಲ್ಲಿ ಕಂಬಗಳ ಲೆಕ್ಕ ಉಳಿಯಿತು, ಒಂದು ಗುಡಿಯೂ ಉಳಿಯಲಿಲ್ಲ. ನೀವು ಹತ್ತು ದಿನ ಅಲ್ಲೆಲ್ಲ ಓಡಾಡಿ ಬಂದವರು ಅಂತ ಗೊತ್ತಾಗುವುದೇ ಆರನೇ ಪುಟಕ್ಕೆ ಬಂದ ಮೇಲೆ.

ಆ ಆರನೇ ಪುಟದ ಬಗ್ಗೆ ಹೇಳಲೇಬೇಕು. ನೀವು ಹೀಗೆ ಬರೆದಿದ್ದೀರಿ: “ಪಾರ್ಥೆನಾನ್‌ನ ಮೂಲೆಯಲ್ಲಿ ಶೂ ಲೇಸ್ ಕಟ್ಟಿಕೊಳ್ಳಲು ಬಗ್ಗಿದೆ. ಮೆಟ್ಟಿಲಿನ ಅಂಚು ನೆಟ್ಟಗಿರಲಿಲ್ಲ, ನಡುವೆ ಉಬ್ಬಿದ ಹಾಗೆ ಕಂಡಿತು. ಬಿಸಿಲಿಗೆ ಕಣ್ಣು ಮಂಜಾಗಿರಬೇಕು ಅಂದುಕೊಂಡು ಎದ್ದೆ.” ಇಡೀ ಲೇಖನದಲ್ಲಿ ನಾನು ಪೆನ್ಸಿಲ್ ಕೆಳಗಿಟ್ಟು ಓದಿದ್ದು ಈ ಮೂರು ಸಾಲನ್ನು. ಯಾಕೆಂದರೆ ನಿಮ್ಮ ಕಣ್ಣು ಮಂಜಾಗಿರಲಿಲ್ಲ. ಆ ಮೆಟ್ಟಿಲು ನಿಜವಾಗಿಯೂ ಉಬ್ಬಿದೆ. ಸುಮಾರು 69.5 ಮೀಟರ್ ಉದ್ದದ ಬದಿಯಲ್ಲಿ ನಡುಭಾಗ ಎರಡು ತುದಿಗಳಿಗಿಂತ ಸುಮಾರು 11 ಸೆಂಟಿಮೀಟರ್ ಎತ್ತರದಲ್ಲಿದೆ. ಚಿಕ್ಕ ಬದಿಯಲ್ಲಿ ಸುಮಾರು 6 ಸೆಂಟಿಮೀಟರ್. ನೆಲ ಕುಸಿದು ಹಾಗಾದದ್ದಲ್ಲ, ಬೇಕಂತಲೇ ಹಾಗೆ ಕಟ್ಟಿದ್ದು. ಮಳೆ ನೀರು ನಿಲ್ಲದೆ ಹರಿದು ಹೋಗಲಿ ಅನ್ನುವುದು ಒಂದು ಕಾರಣ ಅಂತಾರೆ. ಇಷ್ಟು ಉದ್ದದ ಗೆರೆಯನ್ನು ಪೂರ್ತಿ ಸಮವಾಗಿ ಇಟ್ಟರೆ ನಡುವೆ ತಗ್ಗಿದ ಹಾಗೆ ಕಾಣುತ್ತದೆ ಅನ್ನುವುದು ರೋಮಿನ ವಾಸ್ತುಶಿಲ್ಪಿ ವಿಟ್ರೂವಿಯಸ್ ಕೊಟ್ಟ ಕಾರಣ. ಕಂಬಗಳೂ ನೆಟ್ಟಗಿಲ್ಲ, ಎಲ್ಲವೂ ಒಂಚೂರು ಒಳಕ್ಕೆ ವಾಲಿವೆ. ಮೂಲೆಯ ಕಂಬಗಳು ಉಳಿದವಕ್ಕಿಂತ ತುಸು ದಪ್ಪ.

ಇದರ ಪರಿಣಾಮ ಏನು ಗೊತ್ತಾ? ಬೇರೆ ಕಟ್ಟಡದಲ್ಲಿ ಕಲ್ಲನ್ನು ಅತ್ತಿತ್ತ ಬದಲಾಯಿಸಿ ಇಡಬಹುದು. ಇಲ್ಲಿ ಪ್ರತಿ ಕಲ್ಲೂ ತನ್ನ ಜಾಗಕ್ಕೆಂದೇ ಕೆತ್ತಿದ್ದು. ಅದಕ್ಕೇ ಬಿದ್ದ ಕಲ್ಲುಗಳನ್ನು ಮತ್ತೆ ಜೋಡಿಸುವ ಕೆಲಸ ಅಷ್ಟು ನಿಧಾನ. 1975ರಲ್ಲಿ ಅದಕ್ಕಾಗಿ ಸಮಿತಿ ಆಯಿತು, ಕೆಲಸ ದಶಕಗಟ್ಟಲೆ ನಡೆದಿದೆ. ಹಳೆಯ ಕಲ್ಲುಕುಟಿಗರು ಎರಡು ಕಲ್ಲುಗಳ ನಡುವೆ ಕಬ್ಬಿಣದ ಪಟ್ಟಿ ಕೂರಿಸಿ, ಅದರ ಸುತ್ತ ಕರಗಿಸಿದ ಸೀಸ ಸುರಿಯುತ್ತಿದ್ದರು. ಕಬ್ಬಿಣಕ್ಕೆ ತುಕ್ಕು ಹಿಡಿಯುತ್ತಿರಲಿಲ್ಲ. ಇಪ್ಪತ್ತನೇ ಶತಮಾನದ ಆರಂಭದಲ್ಲಿ ರಿಪೇರಿ ಮಾಡಿದವರು ಸೀಸ ಬಿಟ್ಟು ಬರೀ ಕಬ್ಬಿಣ ಹಾಕಿದರು. ಅದು ತುಕ್ಕು ಹಿಡಿದು ಊದಿಕೊಂಡು, ಎರಡು ಸಾವಿರ ವರ್ಷ ಬಾಳಿದ ಅಮೃತಶಿಲೆಯನ್ನು ಸೀಳಿತು. ಈಗ ಅದನ್ನೆಲ್ಲ ತೆಗೆದು ಟೈಟಾನಿಯಂ ಹಾಕಿದ್ದಾರೆ. ನೀವು ಶೂ ಲೇಸ್ ಕಟ್ಟಲು ಬಗ್ಗಿದ ಜಾಗದಿಂದ ಹೊರಟು ಇಲ್ಲಿಗೆಲ್ಲ ಬರಬಹುದಿತ್ತು. ನೀವು ಎದ್ದು ನಿಂತು “ಭವ್ಯವಾದ ಈ ದೇಗುಲ” ಅಂತ ಮುಂದಕ್ಕೆ ಹೋದಿರಿ.

‘ಭವ್ಯ’ ನಿಮ್ಮ ಲೇಖನದಲ್ಲಿ ಹತ್ತೊಂಬತ್ತು ಸಲ ಬಂದಿದೆ. ‘ಅದ್ಭುತ’ ಹನ್ನೊಂದು ಸಲ. ಎಲ್ಲ ತೆಗೆದುಬಿಡಿ. ‘ಭವ್ಯ’ ಅಂದರೆ ಓದುವವರ ಕಣ್ಣಿಗೆ ಏನೂ ಕಾಣುವುದಿಲ್ಲ. ಮೆಟ್ಟಿಲು ಉಬ್ಬಿತ್ತು ಅಂದರೆ ಕಾಣುತ್ತದೆ.

ಇನ್ನು ತಪ್ಪುಗಳು. ಇದು ನನಗೆ ಜಾಸ್ತಿ ಬೇಸರ ತಂದ ಭಾಗ, ಯಾಕೆಂದರೆ ಇವನ್ನೆಲ್ಲ ನೀವೇ ತಿದ್ದಿಕೊಳ್ಳಬಹುದಿತ್ತು.

ನಾಲ್ಕನೇ ಪುಟದಲ್ಲಿ “ಭಕ್ತರು ಸಾಲುಗಟ್ಟಿ ಗರ್ಭಗುಡಿಯ ಮುಂದೆ ನಿಂತು ದೇವಿಯ ದರ್ಶನ ಪಡೆದು ಪೂಜೆ ಮಾಡಿಸುತ್ತಿದ್ದರು” ಅಂತ ಇದೆ. ಇದು ನಮ್ಮ ದೇವಸ್ಥಾನದ ಚಿತ್ರ, ಅವರದ್ದಲ್ಲ. ಗ್ರೀಕರ ಪೂಜೆಯ ಮುಖ್ಯ ಕೆಲಸ ನಡೆಯುತ್ತಿದ್ದದ್ದು ಹೊರಗೆ, ಬಯಲಿನಲ್ಲಿ. ಬಲಿಪೀಠ ಇರುತ್ತಿದ್ದದ್ದು ಗುಡಿಯ ಹೊರಗೆ, ಸಾಮಾನ್ಯವಾಗಿ ಪೂರ್ವಕ್ಕೆ. ಹಸು ಬಲಿ ಕೊಡುವುದು, ಬೆಂಕಿ, ಹೊಗೆ, ಮಾಂಸ ಹಂಚುವುದು, ಎಲ್ಲವೂ ಅಲ್ಲೇ. ಗುಡಿ ಅಂದರೆ ದೇವಿಯ ವಿಗ್ರಹಕ್ಕೆ ಮತ್ತು ಅವಳಿಗೆ ಬಂದ ಕಾಣಿಕೆಗಳಿಗೆ ಒಂದು ಮನೆ. ‘ಗರ್ಭಗುಡಿ’ ಅನ್ನುವ ಪದ ಬಳಸಬೇಡಿ ಅಂತ ಹೇಳುತ್ತಿಲ್ಲ, ಓದುವವರಿಗೆ ಬೇಗ ಅರ್ಥ ಆಗುತ್ತದೆ. ಆದರೆ ಆ ಪದ ತನ್ನ ಜೊತೆಗೆ ಮಂಗಳಾರತಿ, ತೀರ್ಥ, ಪ್ರಸಾದ ಎಲ್ಲವನ್ನೂ ಕರೆದುಕೊಂಡು ಬರುತ್ತದೆ. ಅವು ಅಲ್ಲಿರಲಿಲ್ಲ ಅಂತ ಒಂದು ಸಾಲಾದರೂ ಹೇಳಬೇಕು.

ಅದೇ ಪುಟದಲ್ಲಿ, ಅಥೀನಾಳ ಹಬ್ಬಕ್ಕೆ ನೇಯ್ದ ಬಟ್ಟೆಯನ್ನು ಪಾರ್ಥೆನಾನ್‌ನ ಚಿನ್ನದ ವಿಗ್ರಹಕ್ಕೆ ಉಡಿಸುತ್ತಿದ್ದರು ಅಂದಿದ್ದೀರಿ. ಆ ವಿಗ್ರಹ ಸುಮಾರು 12 ಮೀಟರ್ ಎತ್ತರ. ಬಟ್ಟೆ ಹೋಗುತ್ತಿದ್ದದ್ದು ಇನ್ನೊಂದು ಅಥೀನಾಗೆ, ಎರೆಕ್ಥಿಯಾನ್‌ನಲ್ಲಿದ್ದ ಆಲಿವ್ ಮರದ ಹಳೆಯ ವಿಗ್ರಹಕ್ಕೆ. ಊರಿನವರು ನಿಜವಾಗಿ ಭಯಭಕ್ತಿಯಿಂದ ನಡೆದುಕೊಳ್ಳುತ್ತಿದ್ದದ್ದು ಆ ಮರದ ದೇವಿಗೆ. ಶಿಲ್ಪಿ ಫಿಡಿಯಾಸ್ ಮಾಡಿದ ದೊಡ್ಡ ವಿಗ್ರಹದ ಮೇಲಿದ್ದ ಚಿನ್ನ 40 ಟ್ಯಾಲೆಂಟ್ ತೂಕದ್ದು, ಅಂದರೆ ಸುಮಾರು ಒಂದು ಟನ್. ಅದನ್ನು ಕಳಚಿ ತೆಗೆಯುವ ಹಾಗೆ ಮಾಡಿದ್ದರು. ಯುದ್ಧಕ್ಕೆ ದುಡ್ಡು ಸಾಲದಿದ್ದರೆ ಇದನ್ನೂ ಬಳಸಬಹುದು, ಆದರೆ ಅಷ್ಟನ್ನೂ ವಾಪಸ್ ಕೊಡಬೇಕು ಅಂತ ಅಥೆನ್ಸಿನ ನಾಯಕ ಪೆರಿಕ್ಲಿಸ್ ಹೇಳಿದ್ದನ್ನು ಇತಿಹಾಸಕಾರ ಥುಸಿಡಿಡಿಸ್ ಬರೆದಿಟ್ಟಿದ್ದಾನೆ. ದೇವಿಯ ಮೈಮೇಲಿನ ಚಿನ್ನ ಊರಿನ ಆಪದ್ಧನವೂ ಆಗಿತ್ತು. ಈ ಎರಡು ಅಥೀನಾಗಳ ವ್ಯತ್ಯಾಸ ಹಿಡಿದರೆ ಆ ಬೆಟ್ಟವೇ ಬೇರೆಯಾಗಿ ಕಾಣುತ್ತದೆ.

“ಸಾವಿರಾರು ಗುಲಾಮರ ಬೆವರಿನಿಂದ ಎದ್ದ ಗುಡಿಗಳು” ಅನ್ನುವ ಸಾಲು ಕೇಳಲು ಚೆನ್ನಾಗಿದೆ, ಆದರೆ ದಾಖಲೆ ಹಾಗೆ ಹೇಳುವುದಿಲ್ಲ. ಎರೆಕ್ಥಿಯಾನ್ ಕಟ್ಟಿದ ಖರ್ಚಿನ ಲೆಕ್ಕವನ್ನು ಕಲ್ಲಿನ ಮೇಲೆ ಕೆತ್ತಿಸಿ ಎಲ್ಲರಿಗೂ ಕಾಣುವ ಹಾಗೆ ಇಟ್ಟಿದ್ದರು. ಅದರ ತುಂಡುಗಳು ಸಿಕ್ಕಿವೆ. ಅಲ್ಲಿ ನಾಗರಿಕರು, ಹೊರಗಿನಿಂದ ಬಂದು ನೆಲೆಸಿದವರು, ಗುಲಾಮರು ಒಟ್ಟಿಗೆ ಕೆಲಸ ಮಾಡಿದ್ದಾರೆ. ಮೂವರಿಗೂ ಒಂದೇ ಕೂಲಿ, ದಿನಕ್ಕೆ ಒಂದು ಡ್ರಾಕ್ಮಾ, ಅಂದರೆ ಒಂದು ಬೆಳ್ಳಿ ನಾಣ್ಯ. ಗುಲಾಮನ ಕೂಲಿ ಅವನ ಕೈಗೆ ಸಿಗುತ್ತಿತ್ತೋ ಯಜಮಾನನಿಗೆ ಹೋಗುತ್ತಿತ್ತೋ ಅನ್ನುವುದು ಬೇರೆ ಮಾತು, ಅದನ್ನೂ ಬರೆಯಿರಿ. ಗೋಡೆಯ ಪಟ್ಟಿಗೆ ಕೆತ್ತಿದ ಒಂದು ಮನುಷ್ಯನ ಆಕೃತಿಗೆ 60 ಡ್ರಾಕ್ಮಾ. ಇಂಥ ಲೆಕ್ಕ ಕೈಯಲ್ಲಿರುವಾಗ ‘ಬೆವರು’ ಅನ್ನುವ ಒಂದೇ ಪದದಲ್ಲಿ ಯಾಕೆ ಮುಗಿಸಬೇಕು?

ಅಥೀನಾ ನೈಕಿಯ ಗುಡಿಗೆ ನೀವು ಅಳತೆ ಮಾತ್ರ ಕೊಟ್ಟಿದ್ದೀರಿ. ಅಲ್ಲಿ ಪೂಜೆ ಮಾಡುತ್ತಿದ್ದವಳ ಸಂಬಳ ಕೂಡ ಕಲ್ಲಿನ ಮೇಲಿದೆ. ವರ್ಷಕ್ಕೆ 50 ಡ್ರಾಕ್ಮಾ, ಜೊತೆಗೆ ಊರಿನ ಹೆಸರಲ್ಲಿ ಕೊಟ್ಟ ಬಲಿಗಳ ಕಾಲು ಮತ್ತು ಚರ್ಮ. ಆ ಕೆಲಸ ಒಂದು ಮನೆತನಕ್ಕೆ ಮೀಸಲಾಗಿರಲಿಲ್ಲ, ಅಥೆನ್ಸಿನ ಹೆಂಗಸರೆಲ್ಲರ ನಡುವಿನಿಂದ ಆರಿಸುತ್ತಿದ್ದರು. ಪಾರ್ಥೆನಾನ್‌ಗೆ ಕಲ್ಲು ಹೊತ್ತ ಒಂದು ಹೇಸರಗತ್ತೆಯ ಕತೆಯನ್ನು ಹಳೆಯ ಗ್ರೀಕ್ ಲೇಖಕ ಪ್ಲೂಟಾರ್ಕ್ ಹೇಳುತ್ತಾನೆ. ದುಡಿದು ದಣಿದ ಪ್ರಾಣಿಗಳನ್ನು ಮೇಯಲು ಬಿಟ್ಟಿದ್ದರಂತೆ. ಅದರಲ್ಲಿ ಒಂದು ತಾನಾಗಿಯೇ ಕೆಲಸದ ಜಾಗಕ್ಕೆ ವಾಪಸ್ ಬಂದು, ಬೆಟ್ಟಕ್ಕೆ ಗಾಡಿ ಎಳೆಯುವ ಪ್ರಾಣಿಗಳ ಜೊತೆ ಜೊತೆಗೇ ನಡೆಯುತ್ತಿತ್ತಂತೆ. ಅದು ಬದುಕಿರುವವರೆಗೆ ಊರಿನ ಖರ್ಚಿನಲ್ಲೇ ಸಾಕಬೇಕು ಅಂತ ಜನ ತೀರ್ಮಾನ ಮಾಡಿದರು. ಪೆಂಟೆಲಿಕಾನ್ ಬೆಟ್ಟದಿಂದ ಸುಮಾರು 16 ಕಿಲೋಮೀಟರ್ ಕಲ್ಲು ಸಾಗಿಸಿದರು ಅಂತ ನೀವು ಬರೆದ ಸಾಲಿನ ಪಕ್ಕದಲ್ಲಿ ಈ ಹೇಸರಗತ್ತೆ ಇದ್ದಿದ್ದರೆ ಆ 16 ಕಿಲೋಮೀಟರ್ ನನ್ನ ಕಾಲಿಗೂ ತಾಗುತ್ತಿತ್ತು.

ಸಣ್ಣ ತಿದ್ದುಪಡಿಗಳು ಇನ್ನೂ ಇವೆ. ಎಫೆಸಸ್ ಈಗಿನ ಟರ್ಕಿಯಲ್ಲಿದೆ. ಗುಡಿಗಳೆಲ್ಲ ಹಾಲಿನಂತೆ ಬೆಳ್ಳಗಿರಲಿಲ್ಲ, ಮೇಲ್ಭಾಗಕ್ಕೆ ಕೆಂಪು ನೀಲಿ ಬಣ್ಣ ಬಳಿದಿರುತ್ತಿದ್ದರು. ಪಾರ್ಥೆನಾನ್ ‘ಕಾಲದ ಹೊಡೆತಕ್ಕೆ’ ಕುಸಿದಿದ್ದಲ್ಲ. ತುರ್ಕರು ಅಲ್ಲಿ ಮದ್ದುಗುಂಡು ಇಟ್ಟಿದ್ದರು, 1687ರಲ್ಲಿ ವೆನಿಸಿನವರ ಗುಂಡು ಬಿದ್ದು ಸಿಡಿಯಿತು. ಎಲ್ಯೂಸಿಸ್ ಮತ್ತು ಅಫಾಯಾ ಎರಡನ್ನೂ ಸದ್ಯಕ್ಕೆ ತೆಗೆದಿಡಿ. ಅದರಲ್ಲೂ ಎಲ್ಯೂಸಿಸ್ ಬೇರೆಯದೇ ಲೇಖನ. ಅಲ್ಲಿ ಜನ ಒಳಗೇ ಸೇರುತ್ತಿದ್ದರು, ಒಳಗೆ ಕಂಡದ್ದನ್ನು ಹೊರಗೆ ಹೇಳುವ ಹಾಗಿರಲಿಲ್ಲ. ಉಳಿದ ಗುಡಿಗಳ ಜೊತೆ ಸೇರಿಸಿದರೆ ಎರಡಕ್ಕೂ ನಷ್ಟ. ಎಫೆಸಸ್‌ನ ಪುಟಗಳಲ್ಲಿ, ಕ್ರಿ.ಪೂ. 356ರಲ್ಲಿ ಹೆಸರು ಬರಲಿ ಅಂತ ಗುಡಿಗೆ ಬೆಂಕಿ ಇಟ್ಟವನಿಗೆ ಒಂದು ಪುಟ ಪೂರ್ತಿ ಹೋಗಿದೆ, ಆರ್ಟೆಮಿಸ್‌ಗೆ ಸಿಕ್ಕಿರುವುದು ನಾಲ್ಕು ಸಾಲು. ಅವನ ಹೆಸರನ್ನೇ ಯಾರೂ ಎತ್ತಬಾರದು ಅಂತ ಆ ಊರಿನವರು ಕಟ್ಟಪ್ಪಣೆ ಮಾಡಿದ್ದರು. ಅವರ ಮಾತನ್ನು ನಾವೂ ನಡೆಸೋಣ.

ಕೊನೆಯ ಪುಟದಲ್ಲಿ ಆಕ್ಸಿರಿಂಕಸ್ ಪ್ರಹಸನ ತಂದಿದ್ದೀರಿ. ಈಜಿಪ್ಟಿನ ಮರಳಿನಲ್ಲಿ ಸಿಕ್ಕ ಆ ಗ್ರೀಕ್ ನಾಟಕದಲ್ಲಿ ಭಾರತದ ಕರಾವಳಿಯಲ್ಲಿ ಒಬ್ಬ ದೇವಿಯ ಗುಡಿ ಇದೆ, ಅಲ್ಲಿ ಕಾರಿಟಿಯಾನ್ ಅನ್ನುವ ಹುಡುಗಿ ಸಿಕ್ಕಿಬಿದ್ದಿದ್ದಾಳೆ, ರಾಜನ ಕಡೆಯವರು ಆಡುವ ಮಾತು ಕನ್ನಡ ಅಂತ ಕೆಲವು ವಿದ್ವಾಂಸರು ವಾದಿಸಿದ್ದಾರೆ. ಇಷ್ಟು ಸರಿ. ಆದರೆ ಇದರಿಂದ “ನಮ್ಮ ಕರಾವಳಿಯಲ್ಲಿ ಗ್ರೀಕ್ ದೇವಿಯ ಗುಡಿ ಇತ್ತು” ಅನ್ನುವ ತೀರ್ಮಾನಕ್ಕೆ ಜಿಗಿಯಬೇಡಿ. ಅದು ನಗಿಸಲು ಕಟ್ಟಿದ ಆಟ. ಆಟದೊಳಗಿನ ಗುಡಿಗೆ ನೆಲದಲ್ಲಿ ಅಡಿಪಾಯ ಇರಬೇಕಾಗಿಲ್ಲ. ಆ ಮಾತುಗಳು ಕನ್ನಡ ಹೌದೋ ಅಲ್ಲವೋ ಅನ್ನುವ ಚರ್ಚೆಯೇ ಮುಗಿದಿಲ್ಲ. ಕನ್ನಡದ ಓದುಗರಿಗೆ ಹೆಮ್ಮೆ ಆಗಲಿ ಅಂತ ಇದನ್ನು ಸೇರಿಸಿದ್ದೀರಿ, ಅರ್ಥ ಆಗುತ್ತದೆ. ಆದರೆ ಹೇರಾಳ ಕತೆ ಓದಲು ನಮ್ಮವರಿಗೆ ಆ ನೆಪ ಬೇಕಿಲ್ಲ.

ಹೌದು, ಹೇರಾ, ದೇವತೆಗಳ ರಾಜ ಜ್ಯೂಸ್‌ನ ಹೆಂಡತಿ. ನೀವು ಹೊಸದಾಗಿ ಬರೆಯಬೇಕಾದ ಲೇಖನ ಅದು. ನಿಮ್ಮ ಹನ್ನೆರಡನೇ ಪುಟದಲ್ಲಿ ಅದು “ಒಲಿಂಪಿಯಾದಲ್ಲಿ ಜ್ಯೂಸ್‌ನ ಗುಡಿಯ ಹತ್ತಿರ ಇರುವ ಸಾಧಾರಣ ಗುಡಿ”. ಅಲ್ಲಿ ಎರಡು ಗಂಟೆ ಇದ್ದೆ ಅಂತಲೂ ಬರೆದಿದ್ದೀರಿ. ಎರಡು ಗಂಟೆ ಇದ್ದವರು ಕಂಬಗಳನ್ನು ಒಂದರ ಪಕ್ಕ ಒಂದು ಇಟ್ಟು ನೋಡಲಿಲ್ಲವಾ? ಒಂದು ದಪ್ಪ, ಒಂದು ಸಣ್ಣ. ಒಂದರ ತಲೆ ಚಪ್ಪಟೆಯಾಗಿ ಹರಡಿಕೊಂಡಿದೆ, ಇನ್ನೊಂದರದ್ದು ಬಿಗಿಯಾಗಿದೆ. ಪಾರ್ಥೆನಾನ್‌ನಲ್ಲಿ ವ್ಯತ್ಯಾಸ ಹುಡುಕಲು ಬಗ್ಗಬೇಕು, ಇಲ್ಲಿ ನಿಂತಲ್ಲೇ ಕಾಣುತ್ತದೆ.

ಕಾರಣ ಇದು. ಕ್ರಿ.ಪೂ. 600ರ ಸುಮಾರಿಗೆ ಈ ಗುಡಿ ಕಟ್ಟಿದಾಗ ಕಂಬಗಳು ಮರದವು. ಗೋಡೆಯ ಕೆಳಭಾಗ ಕಲ್ಲು, ಮೇಲೆಲ್ಲ ಹಸಿ ಇಟ್ಟಿಗೆ. ಒಂದೊಂದು ಮರದ ಕಂಬ ಹಾಳಾದ ಹಾಗೆ ಅದರ ಜಾಗದಲ್ಲಿ ಕಲ್ಲಿನದ್ದು ನಿಲ್ಲಿಸಿದರು. ಒಂದೇ ಸಲ ಎಲ್ಲವನ್ನೂ ಬದಲಾಯಿಸಲಿಲ್ಲ. ನಿಲ್ಲಿಸಿದವರು ತಮ್ಮ ಕಾಲದ ರೀತಿಯಲ್ಲೇ ಕೆತ್ತಿದರು. ಅದಕ್ಕೇ ಒಂದರ ಹಾಗೆ ಇನ್ನೊಂದಿಲ್ಲ. ಕಂಬದ ತಲೆ ನೋಡಿಯೇ ಅದು ಯಾವ ಕಾಲದ್ದು ಅಂತ ಬಲ್ಲವರು ಹೇಳುತ್ತಾರೆ. ಕ್ರಿ.ಶ. ಎರಡನೇ ಶತಮಾನದಲ್ಲಿ ಪೌಸೇನಿಯಸ್ ಅನ್ನುವ ಪ್ರವಾಸಿ ಅಲ್ಲಿಗೆ ಬಂದಾಗಲೂ ಹಿಂಬದಿಯಲ್ಲಿ ಒಂದು ಓಕ್ ಮರದ ಕಂಬ ಉಳಿದಿತ್ತು. ಏಳುನೂರು ವರ್ಷಕ್ಕೂ ಜಾಸ್ತಿ ಕಾಲ ಒಂದು ಮರದ ಕಂಬವನ್ನು ಯಾರೂ ಕಿತ್ತು ಹಾಕಲಿಲ್ಲ. ಅದನ್ನು ಓದಿದಾಗಲೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ. ಆ ಒಂದು ಕಂಬದ ಮೇಲೆ ನಿಮ್ಮ ಇಡೀ ಲೇಖನವನ್ನು ನಿಲ್ಲಿಸಬಹುದು.

ಅದೇ ಪ್ರವಾಸಿ ಗುಡಿಯೊಳಗೆ ಅಮೃತಶಿಲೆಯಲ್ಲಿ ಕೆತ್ತಿದ ಹರ್ಮಿಸ್ ದೇವರ ಒಂದು ವಿಗ್ರಹ ಕಂಡಿದ್ದಾಗಿ ಬರೆದ. 1877ರಲ್ಲಿ ಅಗೆದವರಿಗೆ ಅದು ಅಲ್ಲೇ ಸಿಕ್ಕಿತು. ಮೇಲಿನ ಹಸಿ ಇಟ್ಟಿಗೆ ಕರಗಿ ಮಣ್ಣಾಗಿ ಅದನ್ನು ಮುಚ್ಚಿ ಕಾಪಾಡಿತ್ತು. ಈ ಗುಡಿಯ ಬಡ ಗೋಡೆ ಮಾಡಿದ ಕೆಲಸ ಅದು.

ಹೆಣ್ಣುಮಕ್ಕಳ ಓಟದ ಬಗ್ಗೆ ನೀವು ಒಂದು ಮಾತೂ ಬರೆದಿಲ್ಲ. ನಾಲ್ಕು ವರ್ಷಕ್ಕೊಮ್ಮೆ ಹದಿನಾರು ಹೆಂಗಸರು ಹೇರಾಗೆ ಒಂದು ಬಟ್ಟೆ ನೇಯುತ್ತಿದ್ದರು. ಅವರೇ ಮದುವೆಯಾಗದ ಹುಡುಗಿಯರ ಓಟ ನಡೆಸುತ್ತಿದ್ದರು. ವಯಸ್ಸಿಗೆ ತಕ್ಕ ಹಾಗೆ ಮೂರು ಗುಂಪು. ಗಂಡಸರು ಓಡುತ್ತಿದ್ದ ಅದೇ ಮೈದಾನ, ದೂರ ಆರರಲ್ಲಿ ಒಂದು ಪಾಲು ಕಡಿಮೆ. ಕೂದಲು ಬಿಚ್ಚಿ, ಮೊಣಕಾಲಿಗಿಂತ ಮೇಲಿನ ಅಂಗಿ ತೊಟ್ಟು, ಬಲ ಭುಜ ಬರಿದಾಗಿಟ್ಟು ಓಡುತ್ತಿದ್ದರು. ಗೆದ್ದವಳಿಗೆ ಆಲಿವ್ ಎಲೆಯ ಕಿರೀಟ, ಹೇರಾಗೆ ಬಲಿ ಕೊಟ್ಟ ಹಸುವಿನಲ್ಲಿ ಒಂದು ಪಾಲು. ಇದರ ಬದಲು ನೀವು ಒಲಿಂಪಿಕ್ ಜ್ಯೋತಿಯ ಬಗ್ಗೆ ಬರೆದು, ಹೇರಾಳ ಗುಡಿಯ ಮುಂದೆ ಅದನ್ನು ಹೊತ್ತಿಸಿ ಊರೂರು ಸಾಗಿಸುವುದು ಪ್ರಾಚೀನ ಕಾಲದಿಂದ ಬಂದ ಪದ್ಧತಿ ಅಂದಿದ್ದೀರಿ. ಅದು ಶುರುವಾದದ್ದು 1936ರಲ್ಲಿ.

ಮುಂದಿನ ಸಲ ಆರು ಪುಟ ಸಾಕು. ಮೊದಲ ಪ್ಯಾರಾದಲ್ಲಿ ಗ್ರೀಕ್ ನಾಗರಿಕತೆಯ ಪರಿಚಯ ಬೇಡ, ನೀವು ಒಲಿಂಪಿಯಾದ ಗೇಟು ದಾಟಿ ಒಳಗೆ ಕಾಲಿಟ್ಟ ಕ್ಷಣದಿಂದ ಶುರು ಮಾಡಿ. ಅವತ್ತು ಯಾವ ಮರಗಳ ನೆರಳಿತ್ತು, ಕಲ್ಲು ಮುಟ್ಟಿದರೆ ನುಣುಪೋ ತರಿಯೋ, ಅದು ನೀವು ಮಾತ್ರ ಹೇಳಬಹುದಾದದ್ದು. ಪಾರ್ಥೆನಾನ್‌ನ ಉಬ್ಬಿದ ಮೆಟ್ಟಿಲನ್ನು ಹಾಳು ಮಾಡಬೇಡಿ, ಅದು ನಿಮ್ಮ ಎರಡನೇ ಲೇಖನಕ್ಕೆ ಇರಲಿ.

ಒಲಿಂಪಿಯಾದಲ್ಲಿ ತೆಗೆದ ಫೋಟೋಗಳು ನಿಮ್ಮ ಹತ್ತಿರ ಇರಬೇಕು ಅಲ್ವಾ? ಕಂಬಗಳ ತಲೆ ಸ್ಪಷ್ಟವಾಗಿ ಕಾಣುವಂಥವು ಎರಡು ಮೂರಾದರೂ ಇದ್ದರೆ ಈ ವಾರವೇ ಕಳಿಸಿ. ಪಕ್ಕಪಕ್ಕದಲ್ಲಿ ಅಚ್ಚು ಹಾಕಲು ಜಾಗ ಹಿಡಿದಿಡುತ್ತೇನೆ.