ನಾಲ್ಕು ಜನರ ಕ್ಲೇಮ್ ಕೂಡಿಸಿ ಫೆಡರಲ್ ಕೋರ್ಟಿಗೆ ಹೋಗಬಹುದಾ?

ನೀವು ನ್ಯೂ ಜೆರ್ಸಿಯಲ್ಲಿರುವ ನಾಲ್ವರು ಗೆಳೆಯರು. ಟೆಕ್ಸಾಸ್‌ನ ಒಂದೇ ಕಂಪನಿಗೆ ಬೇರೆ ಬೇರೆ ಒಪ್ಪಂದದ ಮೇಲೆ ತಲಾ 30,000 ಡಾಲರ್ ಕೊಟ್ಟಿದ್ದೀರಿ, ಹಣ ವಾಪಸ್ ಬಂದಿಲ್ಲ. ಒಟ್ಟು 1,20,000 ಆಯಿತು, ಬೇರೆ ಬೇರೆ ರಾಜ್ಯದವರ ನಡುವಿನ ಕೇಸು ಅಮೆರಿಕದ ಫೆಡರಲ್ (ಕೇಂದ್ರದ) ಕೋರ್ಟಿಗೆ ಹೋಗಲು ದಾಟಬೇಕಾದ 75,000 ಡಾಲರ್ ಮಿತಿ ದಾಟಿತಲ್ವಾ ಅಂತ ಕೇಳಿದ್ದೀರಿ.

ದಾಟಿಲ್ಲ. ನಾನು ವಕೀಲನಲ್ಲ, ಇಲ್ಲಿನ ಲಾ ಆಫೀಸೊಂದರಲ್ಲಿ ಪ್ಯಾರಾಲೀಗಲ್, ಅಂದರೆ ವಕೀಲರ ಸಹಾಯಕ. ಈ ಲೆಕ್ಕ ಹಿಡಿದುಕೊಂಡು ಬರುವವರು ಜಾಸ್ತಿ ಜನ.

ಕೋರ್ಟು ಒಬ್ಬೊಬ್ಬರ ಕ್ಲೇಮನ್ನು ಬೇರೆಯಾಗಿಯೇ ನೋಡುತ್ತದೆ. ಒಬ್ಬರೇ ಒಂದೇ ಕಂಪನಿಗೆ ಎರಡು ಸಲ 40,000 ಕೊಟ್ಟಿದ್ದರೆ ಎರಡನ್ನೂ ಕೂಡಿಸಬಹುದು. ನಿಮ್ಮದನ್ನು ಗೆಳೆಯರದ್ದಕ್ಕೆ ಕೂಡಿಸುವ ಹಾಗಿಲ್ಲ. ನಾಲ್ವರೂ ಜಂಟಿಯಾಗಿ, ಪಾಲಾಗದ ಒಂದೇ ಆಸ್ತಿಯ ಮೇಲೆ ಹಕ್ಕು ಕೇಳುತ್ತಿದ್ದರೆ ಮಾತು ಬೇರೆ.

ಆದರೆ ನಿಮ್ಮಲ್ಲಿ ಒಬ್ಬರದ್ದು 80,000 ಆಗಿದ್ದರೆ? ನಾಲ್ವರದ್ದೂ ಮೂಲದಲ್ಲಿ ಒಂದೇ ಜಗಳವಾಗಿದ್ದರೆ ಮಿಕ್ಕ ಮೂವರೂ ಅವರ ಹಿಂದೆ ಒಳಗೆ ಹೋಗಬಹುದಿತ್ತು. ಇದನ್ನು ಹೇಳಿದ್ದು ಸುಪ್ರೀಂ ಕೋರ್ಟ್, 2005ರಲ್ಲಿ, ಎಕ್ಸಾನ್ ಮೊಬಿಲ್ ಕೇಸಿನಲ್ಲಿ. ಅದರ ಜೊತೆಗೇ ತೀರ್ಮಾನವಾದ ಇನ್ನೊಂದು ಕೇಸು ನನಗಿಷ್ಟ. ಪೋರ್ಟೊ ರಿಕೊದಲ್ಲಿ ಒಬ್ಬ ಹುಡುಗಿ ಸ್ಟಾರ್‌ಕಿಸ್ಟ್ ಟ್ಯೂನಾ ಮೀನಿನ ಡಬ್ಬಿಯಿಂದ ಬೆರಳು ಕೊಯ್ದುಕೊಂಡಳು. ಅವಳ ಕ್ಲೇಮು ಮಿತಿ ದಾಟುವಂತಿತ್ತು, ಮನೆಯವರದ್ದು ದಾಟುತ್ತಿರಲಿಲ್ಲ. ಕೆಳಗಿನ ಕೋರ್ಟು ಮನೆಯವರನ್ನು ಹೊರಗಿಟ್ಟಿತ್ತು, ಸುಪ್ರೀಂ ಕೋರ್ಟ್ ಅವರನ್ನೂ ಸೇರಿಸಿಕೊಂಡಿತು. ಅದೂ 5–4ರಲ್ಲಿ. 1990ರ ಕಾನೂನಿನ ಕೆಲವು ಸಾಲುಗಳ ಮೇಲೆ ಹದಿನೈದು ವರ್ಷ ಜಗಳ ನಡೆದು ಬಂದ ಉತ್ತರ ಇದು.

ಈ ವಿನಾಯಿತಿ ಹಣಕ್ಕೆ ಮಾತ್ರ. ಎರಡೂ ಕಡೆಯವರು ಬೇರೆ ಬೇರೆ ರಾಜ್ಯದವರಾಗಿರಬೇಕು ಅನ್ನುವ ಷರತ್ತಿಗೆ ಇಲ್ಲ. ಅಲ್ಲಿ ಒಬ್ಬರು ತಪ್ಪಿದರೂ ಎಲ್ಲರಿಗೂ ತೊಡಕು. ನಿಮ್ಮ ಎದುರಾಳಿ ಎಲ್‌ಎಲ್‌ಸಿ (ಮೆಂಬರ್‌ಗಳೇ ಮಾಲೀಕರಾಗಿರುವ ಒಂದು ಬಗೆಯ ಕಂಪನಿ) ಆಗಿದ್ದರೆ ಇನ್ನೂ ಹುಷಾರು. ಬೋರ್ಡಿನಲ್ಲಿ ಟೆಕ್ಸಾಸ್ ಅಂತಿದ್ದರೆ ಸಾಲದು, ಅದರ ಪ್ರತಿಯೊಬ್ಬ ಮೆಂಬರ್ ಎಲ್ಲಿಯವರು ಅಂತ ನೋಡುತ್ತಾರೆ. ಎಚ್-1ಬಿ ಮೇಲಿರುವ ನಮ್ಮವರು ಇಲ್ಲಿ ಎಷ್ಟು ವರ್ಷ ಇದ್ದರೂ ಈ ಲೆಕ್ಕಕ್ಕೆ ಭಾರತದ ಪ್ರಜೆಗಳೇ. ಹಾಗಾಗಿ ಒಂದು ಕಡೆ ಎಚ್-1ಬಿಯವರೇ ಇದ್ದು, ಎದುರಿಗೂ ಭಾರತದ ಕಂಪನಿಯೇ ಇದ್ದರೆ ಈ ದಾರಿಯೇ ಮುಚ್ಚಿದಂತೆ.

ಎಲ್ಲರದ್ದನ್ನೂ ಕೂಡಿಸುವ ಇನ್ನೊಂದು ಕಾನೂನಿದೆ, 2005ರದ್ದೇ. ಆದರೆ ಅದು ಕ್ಲಾಸ್ ಆಕ್ಷನ್‌ಗೆ, ಅಂದರೆ ದೊಡ್ಡ ಗುಂಪಿನ ಪರವಾಗಿ ಕೆಲವರು ಹಾಕುವ ಕೇಸಿಗೆ: ಕನಿಷ್ಠ ನೂರು ಜನ, ಒಟ್ಟು 50 ಲಕ್ಷ ಡಾಲರ್‌ಗಿಂತ ಜಾಸ್ತಿ. ನಾಲ್ವರಿಗೆ ಅದು ದಕ್ಕದು. ಫೆಡರಲ್ ಕಾನೂನನ್ನೇ ಕಂಪನಿ ಮುರಿದಿದೆ ಅಂತ ತೋರಿಸಬಲ್ಲಿರಾದರೆ ಸಾಮಾನ್ಯವಾಗಿ ಮೊತ್ತದ ಮಿತಿಯೇ ಇಲ್ಲ, ವಕೀಲರ ಹತ್ತಿರ ಅದನ್ನೊಮ್ಮೆ ಕೇಳಿ.

ಇಲ್ಲದಿದ್ದರೆ ಸುಮ್ನೆ ಫೆಡರಲ್ ಕೋರ್ಟಿನ ಹಿಂದೆ ಬೀಳಬೇಡಿ. ನ್ಯೂ ಜೆರ್ಸಿ ರಾಜ್ಯದ್ದೇ ಆದ ಸುಪೀರಿಯರ್ ಕೋರ್ಟಿನಲ್ಲಿ 75,000ದ ಈ ಗೋಳಿಲ್ಲ. ಅದಕ್ಕೂ ಮೊದಲು ನಾಲ್ಕೂ ಒಪ್ಪಂದಗಳ ಕೊನೆಯ ಪುಟ ಓದಿ. ಆರ್ಬಿಟ್ರೇಶನ್ (ಕೋರ್ಟಿನ ಹೊರಗೆ ಮಧ್ಯಸ್ಥರ ತೀರ್ಪು) ಅಥವಾ ಟೆಕ್ಸಾಸ್ ಕೋರ್ಟು ಅಂತ ಬರೆದಿದ್ದರೆ ಕೇಸಿನ ದಾರಿಯೇ ಬೇರೆಯಾಗುತ್ತದೆ.